ನಿದ್ದೆಗುಡ್ಡ

ಮೊನ್ನೆ ಚಳ್ಳಕೆರೆಯಿಂದ ಮೊಳಕಾಲ್ಮೂರಿಗೆ ಹೋಗುವ ಬಸ್ಸಿನಲ್ಲಿ, ಪಕ್ಕದಲ್ಲಿ ಕೂತಿದ್ದ ಅಪ್ಪನ ಕಂಬಳಿ ನನ್ನ ತೊಡೆಯ ಮೇಲಿತ್ತು. ಎಷ್ಟು ಒಗೆದರೂ ಕುರಿವಾಸನೆ ಬಿಡದ ಕಂಬಳಿ. ಅಕ್ಕಪಕ್ಕದವರ ಮೂಗಿಗೆ ಬಡಿಯದಿರಲಿ ಎಂದು ಮಡಿಚಿ ಮಡಿಚಿ ಅದುಮಿಕೊಂಡು ಕೂತಿದ್ದೆ. ಆ ವಾಸನೆಗೆ ನಮ್ಮೂರ ಗುಡ್ಡಸಾಲು ನೆನಪಾಗುತ್ತದೆ. ಹಿಂದೆಯೇ ನಾಚಿಕೆಯೂ ಬರುತ್ತದೆ. ಯಾಕೆಂದು ಹೇಳುತ್ತೇನೆ, ನಗಬೇಡಿ.

ಮೊಳಕಾಲ್ಮೂರಿನ ಕಡೆಯ ಸಿದ್ದಾಪುರದ ಆಚೆಗೆ, ಆಂಧ್ರದ ಗಡಿಯತನಕ ಒಂದರ ಹಿಂದೊಂದು ಕುಕ್ಕರಿಸಿರುವ ಬೋಳುಗುಡ್ಡಗಳವು. ಕುರಿ ಕಾಯುವವರಲ್ಲಿ ಒಂದು ರೂಢಿ: ಯಾವ ಗುಡ್ಡದ ಮೇಲೆ ಯಾರು ಏನು ಎಡವಟ್ಟು ಮಾಡಿಕೊಂಡರೋ ಅದೇ ಅದರ ಹೆಸರು. ಒಬ್ಬ ಕೊಡಲಿ ಕಳೆದುಕೊಂಡ, ಅದು ಕೊಡಲಿಗುಡ್ಡ. ಇನ್ನೊಬ್ಬನ ಅಂಬಲಿ ಗಡಿಗೆ ಒಡೆಯಿತು, ಅದು ಅಂಬಲಿಗುಡ್ಡ. ನಮ್ಮಪ್ಪ ಪ್ರಾಯದಲ್ಲಿ ಒಂದು ಮಧ್ಯಾಹ್ನ ಬಂಡೆಯ ನೆರಳಲ್ಲಿ ನಿದ್ದೆ ಹೋದ. ಎದ್ದು ನೋಡಿದರೆ ಊರಿನ ಕುರಿಯೆಲ್ಲ ಗಡಿ ದಾಟಿ ಆಂಧ್ರದವರ ಶೇಂಗಾ ಹೊಲದಲ್ಲಿ. ಅಂದಿನಿಂದ ಅದು ನಿದ್ದೆಗುಡ್ಡ.

ಶಾಲೆಯಲ್ಲಿ ನಾನು ತೂಕಡಿಸಿದರೆ ಸಾಕು, ಮೇಷ್ಟ್ರು "ಲೇ, ನಿಮ್ಮಪ್ಪನ ಗುಡ್ಡಕ್ಕೆ ಹೋಗಿ ಮಲಗೋ" ಎನ್ನುತ್ತಿದ್ದರು. ಅತ್ತುಕೊಂಡು ಬಂದರೆ ಅಪ್ಪ ಮೀಸೆ ತೀಡಿ, "ಆಚೆ ಕಡೆ ತೆಲುಗಿನೋರೂ ಆ ಗುಡ್ಡಕ್ಕೆ ನಿದ್ರಕೊಂಡ ಅಂತಾರೆ ಕಣೋ. ಎರಡು ಭಾಷೇಲಿ ಹೆಸರೈತೆ ನಂದು. ನಿಮ್ಮ ಮೇಷ್ಟ್ರಿಗೆ ಐತಾ?" ಎನ್ನುತ್ತಿದ್ದ. ಮನೆಗೆ ಯಾರೇ ಬರಲಿ, ಬಾಗಿಲಿಗೆ ಕರೆದು ಗುಡ್ಡ ತೋರಿಸುತ್ತಿದ್ದ. ಅವನು ಹೇಳಿಕೊಳ್ಳಲು ಇದ್ದ ಆಸ್ತಿ ಅದೊಂದೇ.

ಬಸ್ಸು ಗುಡ್ಡಸಾಲಿನ ಹತ್ತಿರ ಬಂದಾಗ, ಈ ಕಡೆಗೆ ಹೊಸಬರಾದ ಇಸ್ತ್ರಿ ಅಂಗಿಯವರೊಬ್ಬರು ಮುಂದಿನ ಸೀಟಿನಿಂದ ತಿರುಗಿ ಅವುಗಳ ಹೆಸರು ಕೇಳಿದರು. ನಾನು ಭಾರೀ ಗತ್ತಿನಲ್ಲಿ ಒಂದೊಂದೇ ಹೇಳಿದೆ.

"ಆ ಗಿಡ್ಡಂದು?"

"ಅದಕ್ಕೆ ಹೆಸರಿಲ್ಲ" ಎಂದುಬಿಟ್ಟೆ.

ಕಿಟಕಿ ಪಕ್ಕ ಅಪ್ಪ ಕಣ್ಣು ಮುಚ್ಚಿ ಕೂತಿದ್ದ. ಮಲಗಿದ್ದಾನೆ ಎಂದುಕೊಂಡಿದ್ದೆ. ಇಸ್ತ್ರಿ ಅಂಗಿಯವರು ಬಿಡಲಿಲ್ಲ, "ಅಜ್ಜಾ, ನಿಮಗೆ ಗೊತ್ತಾ?" ಎಂದರು.

ಅಪ್ಪ ಕಣ್ಣು ತೆರೆದು ಗುಡ್ಡವನ್ನು ನೋಡಿದ. ಆಮೇಲೆ ನನ್ನನ್ನು ನೋಡಿದ.

"ಇಲ್ರೀ. ಮಗ ಓದಿದೋನು. ಇಲ್ಲ ಅಂದ್ನಲ್ಲ, ಇಲ್ಲ."

ನೆಲ ಬಾಯಿ ಬಿಡಬಾರದೇ ಅನ್ನಿಸಿತು. "ಐತ್ರೀ. ನಿದ್ದೆಗುಡ್ಡ. ನಿದ್ದೆ ಹೋದೋರು ಇವರೇ, ನಮ್ಮಪ್ಪ" ಎಂದೆ. ಅಷ್ಟರಲ್ಲಿ ಬಸ್ಸು ತಿರುವು ದಾಟಿತ್ತು. ಅವರು ಕತ್ತು ಹೊರಳಿಸಿ ಹುಡುಕಿದರು, ಗುಡ್ಡ ಕಾಣಲಿಲ್ಲ.

ಅಪ್ಪ ಕೈ ಚಾಚಿ ನನ್ನ ತೊಡೆಯ ಮೇಲಿನ ಕಂಬಳಿಯನ್ನು ಎಳೆದುಕೊಂಡ.

"ಕೊಡು, ನಿನಗೆ ವಾಸನೆ ಬರ್ತೈತೆ."