ಅಧ್ಯಕ್ಷರಿಲ್ಲದ ಸನ್ಮಾನದ ವಿಡಿಯೊ

“ಇದರಲ್ಲಿ ನಾನೆಲ್ಲಿದ್ದೇನೆ?”

ನಮ್ಮ ಕನ್ನಡ ಬಳಗದ ಅಧ್ಯಕ್ಷರು ಫೋನಿನಲ್ಲಿ ಕಿರುಚಿದ್ದು ಎಷ್ಟು ಜೋರಾಗಿತ್ತೆಂದರೆ ಸ್ಪೀಕರ್ ಹಾಕುವ ಅಗತ್ಯವೇ ಬೀಳಲಿಲ್ಲ. ತಪ್ಪು ನನ್ನದೇ. ಆ ಕ್ಯಾಮೆರಾಮನ್‌ನನ್ನು ಹುಡುಕಿ ತಂದವಳು ನಾನು.

ಸೋರೆನ್ ಡೆನ್ಮಾರ್ಕಿನವರು. ದುಬೈ ಸಿಲಿಕಾನ್ ಓಯಸಿಸ್‌ನಲ್ಲಿ ನಮ್ಮ ಪಕ್ಕದ ಫ್ಲ್ಯಾಟು. ಹತ್ತೊಂಬತ್ತನೇ ವಯಸ್ಸಿಗೆ ಲೈಟು ಹೊರುವ ಕೆಲಸಕ್ಕೆ ಸೇರಿ, ನಲವತ್ತು ವರ್ಷ ಸಿನಿಮಾಗಳಿಗೆ ದುಡಿದವರು. ಅವರೂರಿನ ಚಳಿಗಾಲದಲ್ಲಿ ಮಧ್ಯಾಹ್ನ ಮೂರೂವರೆಗೇ ಕತ್ತಲಂತೆ. ಹಾಗಾಗಿ ಕಿಟಕಿಯಲ್ಲಿ ಬಂದಷ್ಟೇ ಬೆಳಕಿನಲ್ಲಿ ಮುಖಗಳನ್ನು ಹಿಡಿಯಲು ಕಲಿತರು. ಅದಕ್ಕೇ ಹೆಸರಾದರು, ಪ್ರಶಸ್ತಿಯೂ ಬಂತು. ಆಮೇಲೆ ಅಂಥ ಸಿನಿಮಾಗಳೇ ಕಡಿಮೆಯಾದವು.

ಈಗ ಇಲ್ಲಿ ಏನು ಮಾಡುತ್ತಾರೆ? ಬಿಲ್ಡರುಗಳ ಜಾಹೀರಾತಿಗೆ ಖಾಲಿ ಫ್ಲ್ಯಾಟುಗಳನ್ನು ಶೂಟ್ ಮಾಡುತ್ತಾರೆ. (ಸೋಫಾ ರೀಟೇಕ್ ಕೇಳುವುದಿಲ್ಲ, ಅದೊಂದು ಸುಖ.) “ಮನುಷ್ಯರ ಮುಖ ಶೂಟ್ ಮಾಡಿ ಮೂರು ವರ್ಷವಾಯಿತು,” ಎಂದು ಒಮ್ಮೆ ಲಿಫ್ಟಿನಲ್ಲಿ ಹೇಳಿದರು. ನನಗೆ ಪಾಪ ಅನ್ನಿಸಿತು. ಫ್ರೀ ಕ್ಯಾಮೆರಾಮನ್ ಸಿಕ್ಕಿದರು ಎಂದೂ ಅನ್ನಿಸಿತು.

ಯಾಕೆಂದರೆ ಅದೇ ವಾರ ಅಬುಧಾಬಿಯಲ್ಲಿ ನಮ್ಮ ಬಳಗದಿಂದ ರತ್ನಕ್ಕನ ಬೀಳ್ಕೊಡುಗೆ. ಉಡುಪಿ ಕಡೆಯ ರತ್ನಕ್ಕ ಮೂವತ್ತು ವರ್ಷ ಇಲ್ಲಿ ನರ್ಸ್ ಆಗಿದ್ದವರು. ಕೆಲಸ ಮುಗಿದು ವೀಸಾ ಕ್ಯಾನ್ಸಲ್ ಆಗಿತ್ತು, ಭಾನುವಾರ ವಿಮಾನ. ಅವರು ಕೇಳಿದ್ದು ಒಂದೇ. “ಒಂದು ಒಳ್ಳೆ ವಿಡಿಯೊ ಮಾಡಿಸು ಮಾರಾಯ್ತಿ. ನಾನು ಇಲ್ಲಿ ಎಂಥದೋ ಒಂದು ಆಗಿದ್ದೆ ಅಂತ ಊರಲ್ಲಿ ತೋರಿಸ್ಲಿಕ್ಕೆ ಬೇಕಲ್ಲ.”

ಅಲ್ಲಿಯ ಖಾಲಿದಿಯಾ ಬಡಾವಣೆಯಲ್ಲೊಂದು ಹಾಲ್. ನಿರೂಪಣೆ ನನ್ನದು. ಶಾಲು, ಹಾರ, ಪೇಟ, ಹಣ್ಣಿನ ಬುಟ್ಟಿ. ಅಧ್ಯಕ್ಷರದ್ದು ನಲವತ್ತು ನಿಮಿಷ ಭಾಷಣ. ಅದರಲ್ಲಿ ರತ್ನಕ್ಕನ ಹೆಸರು ಎರಡು ಸಲ ಬಂತು (ಒಂದು ಸಲ ರಾಧಕ್ಕ ಅಂತ). ನಮ್ಮ ಪದ್ಧತಿ ಗೊತ್ತಲ್ಲ? ಒಂದು ಶಾಲು ಹೊದಿಸಲು ಎಂಟು ಕೈ, ಎಂಟೂ ಜನರ ಕಣ್ಣು ಕ್ಯಾಮೆರಾದತ್ತ. ಪಾಪ, ಸೋರೆನ್‌ಗೆ ಇದೆಲ್ಲ ಹೇಗೆ ಗೊತ್ತಿರಬೇಕು? ಸನ್ಮಾನ ಯಾರಿಗೋ ಅವರನ್ನು ಶೂಟ್ ಮಾಡಬೇಕು ಅಂದುಕೊಂಡುಬಿಟ್ಟಿದ್ದಾರೆ!

ವಿಡಿಯೊ ತುಂಬ ರತ್ನಕ್ಕನ ಮುಖ. ಆಕಳಿಕೆ ನುಂಗುತ್ತಾರೆ. ಪೇಟ ಕಣ್ಣಿಗೆ ಜಾರಿದಾಗ ನಗುತ್ತಾರೆ. ಹಿಂದಿನ ಸಾಲಿನಲ್ಲಿ ಯಾರದೋ ಮಗು ಕೆಮ್ಮಿದರೆ ಥಟ್ಟನೆ ಆ ಕಡೆ ನೋಡುತ್ತಾರೆ. ಎಲ್ಲರೂ ಊಟಕ್ಕೆ ಓಡಿದ ಮೇಲೆ, ಹಾರ ತೆಗೆದು ಮಡಿಲಲ್ಲಿಟ್ಟುಕೊಂಡು ಒಬ್ಬರೇ ಅಳುತ್ತಾರೆ. ಅಧ್ಯಕ್ಷರದ್ದು ಬರೀ ಸ್ವರ. ಒಂದು ಕಡೆ ಮೊಣಕೈ ಕೂಡ ಇದೆ.

“ಯಲ್ಲಾ, ನಡೀರಿ, ಭಾನುವಾರದೊಳಗೆ ಇನ್ನೊಮ್ಮೆ ಸನ್ಮಾನ ಮಾಡುವ. ಬೇರೆ ಕ್ಯಾಮೆರಾದವರನ್ನು ಕರೀರಿ,” ಅಂದರು ಅಧ್ಯಕ್ಷರು.

ರತ್ನಕ್ಕನಿಗೆ ಅಳುಕುತ್ತಲೇ ಫೋನ್ ಮಾಡಿದೆ. ಅವರು ಆಗಲೇ ವಿಡಿಯೊ ಮೂರು ಸಲ ನೋಡಿ ಆಗಿತ್ತು.

“ಬೇಡ ಮಾರಾಯ್ತಿ, ಖಲಾಸ್. ನನಗೆ ಇದೇ ಸಾಕು. ಮೂವತ್ತು ವರ್ಷ ನಾನು ರೋಗಿಗಳ ಮುಖ ನೋಡಿದ್ದು. ನನ್ನ ಮುಖ ಇಷ್ಟು ಹೊತ್ತು ಯಾರೂ ನೋಡಿರ್ಲಿಲ್ಲ.”

ನನಗೆ ಅಧ್ಯಕ್ಷರ ಮೇಲೆ ಕೆಂಡದಂಥ ಕೋಪ ಬಂತು. ಎಂಥ ಮನುಷ್ಯರಪ್ಪ! ಇಂಥ ವಿಡಿಯೊದಲ್ಲೂ ತಮ್ಮನ್ನೇ ಹುಡುಕುತ್ತಾರಲ್ಲ?

ಸುಳ್ಳೇಕೆ ಹೇಳಲಿ, ವಿಡಿಯೊ ಬಂದ ಕೂಡಲೇ ನಾನೂ ಮೊದಲು ಹುಡುಕಿದ್ದು ನಿರೂಪಣೆಗೆಂದೇ ಉಟ್ಟಿದ್ದ ನನ್ನ ಹೊಸ ಇಳಕಲ್ ಸೀರೆಯನ್ನು.