ರಾಜಿಗೆ ಕಾಕುವನ್ನು ತಯಾರು ಮಾಡಿದ್ದು

ಹುಮನಾಬಾದ್ ಕೋರ್ಟಿನಲ್ಲಿ ನ್ಯಾಯಾಧೀಶರ ಎದುರೇ ದೊಡ್ಡಪ್ಪನೂ ಕಾಕುವೂ ಕಣ್ಣೀರು ಹಾಕಿ ಒಂದಾದರು ಎಂದು ನಮ್ಮ ಮನೆಯಲ್ಲಿ ಇಂದಿಗೂ ಹೇಳುತ್ತಾರೆ. ಕಂಡವರು ಯಾರು? ನಾನಂತೂ ಅಲ್ಲೇ ಇದ್ದೆ. ಅಂದು ಕಣ್ಣೊರೆಸಿಕೊಂಡವರು ವಕೀಲರೊಬ್ಬರೇ, ಅದೂ ಹೊರಗೆ ಮಿರ್ಚಿ ಭಜಿ ತಿಂದು.

ದೊಡ್ಡಪ್ಪ ಎಂದರೆ ಅಪ್ಪನ ಅಣ್ಣ. ಕಾಕು ಅಪ್ಪನ ತಮ್ಮನ ಹೆಂಡತಿ. ಹುಡಗಿ ಗ್ರಾಮದಲ್ಲಿ ಇಬ್ಬರ ಮನೆಗೂ ಒಂದೇ ಅಂಗಳ. ತೊಂಬತ್ತರ ದಶಕದ ಕೊನೆಯಲ್ಲಿ ಒಂದು ಬೆಳಿಗ್ಗೆ ದೊಡ್ಡಪ್ಪ ತನ್ನ ಎಮ್ಮೆಯನ್ನು ಕಾಕುವಿನ ಬಾಗಿಲ ಮುಂದೆಯೇ ಕಟ್ಟಿದ. ಕಾಕು ಗೂಟ ಕಿತ್ತೆಸೆದಳು. ಅದೇ ಗೂಟ ಎತ್ತಿಕೊಂಡು ಅವನು ಬಾರಿಸಿದ. ಬಲಗೈಯ ಮಣಿಕಟ್ಟು ಮುರಿಯಿತು. ಕೂಡಿಕೊಂಡಿದ್ದೂ ಸೊಟ್ಟಗೆ, ಮತ್ತೆಂದೂ ರೊಟ್ಟಿ ಬಡಿಯಲು ಬಾರದ ಹಾಗೆ. ಕಂಡವರು ಹತ್ತು ಮಂದಿ. ಪೊಲೀಸರು ಬಂದಾಗ ಆ ಹತ್ತೂ ಮಂದಿ ಹೊಲದಲ್ಲಿದ್ದರಂತೆ. ದೊಡ್ಡಪ್ಪ ಮಾತ್ರ ಊರಲ್ಲೇ ಇದ್ದು ಹೇಳಿದ: “ನಾ ಎಲ್ಲಿ ಹೊಡದೀನ್ರಿ? ಎಮ್ಮಿ ಹಾಯ್ದದ.”

ಮುಂದೆ ನಾಲ್ಕು ವರ್ಷ ಕೋರ್ಟಿನ ತಾರೀಖುಗಳು. ಆರೋಪಿ ಮತ್ತು ಪೆಟ್ಟು ತಿಂದವಳು ಒಂದೇ ಬಸ್ಸಿನಲ್ಲಿ ಹುಮನಾಬಾದಿಗೆ ಹೋಗುತ್ತಿದ್ದರು. ಟವೆಲ್ ಹಾಸಿ ಇಬ್ಬರಿಗೂ ಸೀಟು ಹಿಡಿಯುತ್ತಿದ್ದವನು ಆರೋಪಿಯೇ! ನಮ್ಮ ಮನೆತನದಲ್ಲಿ ಗಂಡನ ಅಣ್ಣನೊಡನೆ ಹೆಂಗಸರು ನೇರವಾಗಿ ಮಾತಾಡುವಂತಿಲ್ಲ. ತಲೆಯ ಮೇಲೆ ಸೆರಗು, ಮಾತೆಲ್ಲ ಮೂರನೆಯವರ ಮೂಲಕ. ಒಮ್ಮೆ ದೊಡ್ಡಪ್ಪ ಕಂಡಕ್ಟರಿಗೆ ಹೇಳಿದ: “ಆಕಿಗಿ ಹೇಳ್ರಿ, ಕಿಡಕಿ ಕಡೆ ಕುಂದ್ರು ಅಂತ. ಕೈಗಿ ಧಕ್ಕಾ ಬಡೀತದ.” ಎಂಥ ಕಾಳಜಿ! ಆ ಕೈ ಮುರಿಯಲು ಮಾತ್ರ ಮೂರನೆಯವರು ಬೇಕಾಗಿರಲಿಲ್ಲ.

ಅಷ್ಟರಲ್ಲಿ ಕಾಕುವಿನ ಮಗನಿಗೆ ಚಿಟಗುಪ್ಪದಲ್ಲಿ ಹೆಣ್ಣು ಗೊತ್ತಾಯಿತು. ಕೋರ್ಟು ತಿರುಗುವ ಮನೆಗೆ ಮಗಳನ್ನು ಕೊಡುವುದಿಲ್ಲ ಎಂದರು ಹೆಣ್ಣಿನವರು. ಹಿರಿಯರು ಕೂತು ರಾಜಿ ಎಂದರು. ಪೆಟ್ಟು ಭಾರಿಯಾದ್ದರಿಂದ ರಾಜಿಗೆ ನ್ಯಾಯಾಧೀಶರ ಅನುಮತಿ ಬೇಕು, ಅವರು ಕಾಕುವನ್ನೇ ವಿಚಾರಿಸುತ್ತಾರೆ ಎಂದರು ವಕೀಲರು. ತೊಡಕೆಂದರೆ ಕಾಕು ಒಪ್ಪಿರಲಿಲ್ಲ. ಬಸವಕಲ್ಯಾಣದ ಕಾಲೇಜಿನಲ್ಲಿ ಚರ್ಚಾಸ್ಪರ್ಧೆಯ ಕಪ್ ಗೆದ್ದು ಮೆರೆಯುತ್ತಿದ್ದ ನನಗೆ ಬುಲಾವ್ ಬಂತು. ಚೀಟಿಯಲ್ಲಿ ಪರ ಬಂದರೆ ಪರ, ವಿರೋಧ ಬಂದರೆ ವಿರೋಧ ಮಾತಾಡುವ ಬಾಯಿ ನನ್ನದು. ಈ ಸಲ ಚೀಟಿ ಎತ್ತಿದವರು ಹಿರಿಯರು, ಅಷ್ಟೆ.

“ಹೊಡದೀನಿ ಅಂತ ಅವ್ರು ಒಂದ್ ಸಲ ಅನ್ಲಿ, ಸಾಕು,” ಎಂದಳು ಕಾಕು. “ನಾ ಅಂತೂ ಅವ್ರಿಗಿ ಕೇಳಾಂಗಿಲ್ಲ. ಕೋರ್ಟಿನ ಸಾಹೇಬ್ರಾದ್ರೂ ಕೇಳ್ತಾರಂತ ನಾಕ ವರ್ಷ ತಿರಗೀನಿ.”

ನಾನು ವಾದ ಹೂಡಿದೆ. ನಾಲ್ಕು ವರ್ಷ ಎಮ್ಮೆಯನ್ನು ದೂರಿದವನು ಜೈಲಿಗೆ ಹೋದರೂ ಎಮ್ಮೆಯನ್ನೇ ದೂರುತ್ತಾನೆ. ನಡುವೆ ಮಗನ ಲಗ್ನ ಮಾತ್ರ ಮುರಿಯುತ್ತದೆ. ಕಾಕು ನನ್ನನ್ನೇ ದಿಟ್ಟಿಸಿದಳು.

“ನೀ ಹೇಳಿದ್ರ ಖರೆ ಅನಸ್ತದ ನೋಡು. ಅದಕ್ಕೇ ನಿನ್ನ ಕಳಸ್ಯಾರ.”

ಅದನ್ನು ಹೊಗಳಿಕೆ ಎಂದುಕೊಂಡೆ. ಮಗನ ಲಗ್ನಕ್ಕಾಗಿ ಅವಳು ಹೂಂ ಎಂದ ಮೇಲೆ, ಕೋರ್ಟಿನಲ್ಲಿ ಹೇಳಬೇಕಾದ ಉತ್ತರವನ್ನು ಮೂರು ದಿನ ಬಾಯಿಪಾಠ ಮಾಡಿಸಿದೆ: “ಯಾರದೂ ಒತ್ತಾಯ ಇಲ್ರಿ, ನನ್ನ ಖುಷಿಲೆ.”

ಕೋರ್ಟಿನಲ್ಲಿ ನ್ಯಾಯಾಧೀಶರು ಒತ್ತಾಯವೇನಾದರೂ ಇದೆಯೇ ಎಂದು ಕೇಳಿದರು. ಕಾಕು ಒಂದಕ್ಷರ ತಪ್ಪದೆ ಒಪ್ಪಿಸಿದಳು. ಅಷ್ಟಕ್ಕೇ ಮುಗಿಯಬೇಕಿತ್ತು. ಅವರ ಕಣ್ಣು ಆ ಸೊಟ್ಟ ಕೈಯ ಮೇಲೆ ಬಿತ್ತು.

“ಈ ಕೈ ಹೇಗಮ್ಮ ಮುರಿಯಿತು?”

ಇದನ್ನು ನಾನು ಕಲಿಸಿರಲಿಲ್ಲ. ಕಾಕು ತಿರುಗಿ ನನ್ನ ಮುಖ ನೋಡಿದಳು. ಗೇಣು ದೂರದಲ್ಲಿ ದೊಡ್ಡಪ್ಪ ನಿಂತಿದ್ದ. ನಾನು ನೆಲ ನೋಡಿದೆ. ಕಾಕು ಸೆರಗನ್ನು ಇನ್ನಷ್ಟು ಎಳೆದುಕೊಂಡಳು.

“ಯಾರದೂ ಒತ್ತಾಯ ಇಲ್ರಿ ಸಾಹೇಬ್ರ, ನನ್ನ ಖುಷಿಲೆ.”

ಕೋರ್ಟೇ ಗೊಳ್ಳೆಂದು ನಕ್ಕಿತು. ನ್ಯಾಯಾಧೀಶರು ನಗಲಿಲ್ಲ. ರಾಜಿಗೆ ನಿಜವಾಗಿ ಒಪ್ಪಿಗೆಯೇ ಎಂದು ಮತ್ತೊಮ್ಮೆ ಕೇಳಿದರು. “ಹೂಂರಿ.” ಅವರು ಬರೆದರು, ದೊಡ್ಡಪ್ಪ ಖುಲಾಸೆಯಾದ. ಹೊಡೆದೆಯಾ ಎಂದು ಅವನನ್ನು ಯಾರೂ ಕೇಳಲಿಲ್ಲ. ರಾಜಿಯಾದ ಮೇಲೆ ಕೇಳುವ ಅಗತ್ಯವೇ ಇಲ್ಲವಂತೆ.

ಲಗ್ನವೂ ಆಯಿತು. ಊಟದ ಪಂಕ್ತಿಯಲ್ಲಿ ಹೊಸ ಬೀಗರ ನಡುವೆ ದೊಡ್ಡಪ್ಪ ಎದೆ ತಟ್ಟಿಕೊಂಡ: “ಕೋರ್ಟೇ ನನ್ನ ಬಿಟ್ಟದ! ಜಡ್ಜ್ ಸಾಹೇಬ್ರ ಮುಂದ ಆಕಿನೇ ಅಂದಾಳ, ನನ್ನ ಖುಷಿಲೆ ಕೈ ಮುರಕೊಂಡೀನಿ ಅಂತ!”

ಪಂಕ್ತಿಗೆ ಪಂಕ್ತಿಯೇ ನಕ್ಕಿತು. ಕಾಕು ಹುಗ್ಗಿ ಬಡಿಸುತ್ತ ಬರುತ್ತಿದ್ದಳು. ಎಡಗೈಲಿ ಬಡಿಸುತ್ತಾಳಲ್ಲ ಎಂದು ಯಾವುದೋ ಮುದುಕಿ ಗೊಣಗಿದಳು. ದೊಡ್ಡಪ್ಪನ ಎಲೆಯ ಮುಂದೆ ಬಂದು ನಿಂತ ಕಾಕು, ಕೋರ್ಟಿನಲ್ಲಿ ನೋಡಿದ ಹಾಗೆಯೇ, ಸೆರಗಿನೊಳಗಿಂದ, ಪಕ್ಕದ ಎಲೆಗೆ ಕೂತಿದ್ದ ನನ್ನ ಮುಖ ನೋಡಿದಳು.

ಈ ಸಲ ನಾನು ನೆಲ ನೋಡಲಿಲ್ಲ.

“ದೊಡ್ಡಪ್ಪಾ,” ಎಂದೆ, ಬೀಗರಿಗೆಲ್ಲ ಕೇಳಿಸುವ ಹಾಗೆ, “ಆ ಗೂಟ ನಿನ್ನ ಕೈಯಾಗ ಇತ್ತೋ, ಎಮ್ಮಿ ಕೈಯಾಗ ಇತ್ತೋ?”