ಬೇವಿನ ಗಿಡದಿಂದ ಹದಿನೇಳನೆಯ ಸಾಲು

ನನಗೆ ಯಾರ ಮಾತಿನ ಮೇಲೂ ನಂಬಿಕೆ ಇಲ್ಲ ಎಂದು ಹೆಂಡತಿ ಹೇಳುತ್ತಿದ್ದಳು. ರೋಣದ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವವನಿಗೆ ಅದು ಇರಬೇಕಾದ ಗುಣವೇ ಎಂದು ನಾನು ಎದುರುತ್ತರ ಕೊಡುತ್ತಿದ್ದೆ. ಎರಡು ಸಾವಿರದ ಇಸವಿಯ ಈಚಿನ ಆ ವರ್ಷಗಳಲ್ಲಿ, ಮಳೆಗಾಲದ ಭಾನುವಾರಗಳಂದು ಗಜೇಂದ್ರಗಡದ ಬಸ್ಸು ಹಿಡಿದು ರಾಜೂರಿನ ಹುಲ್ಲುಗುಡ್ಡಕ್ಕೆ ಹೋಗುತ್ತಿದ್ದೆ. ಕೊರಳಲ್ಲಿ ಬೈನಾಕ್ಯುಲರ್, ಜೇಬಿನಲ್ಲಿ ನೋಟ್‌ಬುಕ್.

ಹೋಗುತ್ತಿದ್ದುದು ಒಂದು ಹಕ್ಕಿಗಾಗಿ. ಕೋಳಿಯಷ್ಟು ಗಾತ್ರ, ಉದ್ದ ಕಾಲು. ಮಳೆಗಾಲ ಬಂದರೆ ಗಂಡು ಕಪ್ಪಾಗುತ್ತದೆ, ಹುಲ್ಲಿನೊಳಗಿಂದ ಆಳೆತ್ತರ ಜಿಗಿದು ಅಲ್ಲೇ ಇಳಿಯುತ್ತದೆ, ಮತ್ತೆ ಜಿಗಿಯುತ್ತದೆ. ಹೆಣ್ಣು ಒಣಹುಲ್ಲಿನ ಬಣ್ಣದ್ದು, ಕಾಲಡಿಗೆ ಬರುವವರೆಗೆ ಕಾಣುವುದಿಲ್ಲ. ಊರವರು ‘ಜಿಗಿಯೂ ಹಕ್ಕಿ’ ಎಂದು ಸುಮ್ಮನಾಗಿದ್ದರು. ನನ್ನಲ್ಲಿದ್ದ ಪುಸ್ತಕ ಅದಕ್ಕೆ ಅರ್ಧ ಪುಟ ಕೊಟ್ಟಿತ್ತು. ಅದು ಮರಿ ಮಾಡುವ ಜಾಗಗಳ ನಕಾಶೆಯಲ್ಲಿ ನಮ್ಮ ಸೀಮೆ ಖಾಲಿಯಿತ್ತು. ಮರಿಯನ್ನು ಕಣ್ಣಾರೆ ಕಂಡು ಅಲ್ಲೊಂದು ಚುಕ್ಕೆ ಇಡಿಸಬೇಕೆಂಬುದು ನನ್ನ ಹಟ. ನಾಲ್ಕು ಮಳೆಗಾಲ ಗಂಡಿನ ಜಿಗಿತ ನೋಡಿದ್ದೇ ಬಂತು, ಗೂಡು ಸಿಕ್ಕಿರಲಿಲ್ಲ.

ಸಿಕ್ಕಿದ್ದು ನನಗಲ್ಲ, ಹುಲ್ಲುಗುಡ್ಡದ ಕೆಳಗೆ ಎರೆಹೊಲ ಮಾಡುತ್ತಿದ್ದ ಹೆಣ್ಣುಮಗಳೊಬ್ಬರಿಗೆ. ಗಂಡ ಗಜೇಂದ್ರಗಡದ ಪೇಟೆಯಲ್ಲಿ ಬಟ್ಟೆ ವ್ಯಾಪಾರ ಮಾಡುತ್ತಿದ್ದರು, ಹೊಲದ ಕಾರಭಾರವೆಲ್ಲ ಇವರದೇ. ಮನೆಯಲ್ಲಿ ಉರ್ದು, ಎತ್ತುಗಳ ಜೊತೆ ಮತ್ತು ನನ್ನ ಜೊತೆ ಕನ್ನಡ. ಹೆಸರುಕಾಳಿನ ಬೆಳೆಯಲ್ಲಿ ಕಸ ತೆಗೆಯುವಾಗ ಹಕ್ಕಿ ಕಾಲಬುಡದಿಂದ ಎದ್ದು ಓಡಿತಂತೆ.

“ನಾಕು ತತ್ತಿ ಅದಾವ್ರಿ ಮಾಸ್ತರ್ರ. ಬೇವಿನ ಗಿಡದಿಂದ ಹದಿನೇಳನೇ ಸಾಲು,” ಎಂದರು.

ಕರೆದುಕೊಂಡು ಹೋಗಿ ತೋರಿಸಿದರು. ಗೂಡೆಂಬುದೇನೂ ಇಲ್ಲ, ನೆಲದಲ್ಲಿ ಒಂದು ತಗ್ಗು, ಅದರಲ್ಲಿ ಪಾಚಿಬಣ್ಣದ ನಾಲ್ಕು ಮೊಟ್ಟೆ. ನೋಟ್‌ಬುಕ್ ತೆಗೆದು ತಾರೀಖು ಬರೆದುಕೊಂಡೆ. ಆದರೆ ಸಾಲುಗಳ ನಡುವಿನ ಕಳೆ ಕೀಳಲು ಆ ವಾರವೇ ಎತ್ತಿನ ಕುಂಟೆ ಬರುವುದಿತ್ತು. ಹೊಡೆಯುವವನು ಬಾಡಿಗೆಯ ಆಳು, ಅವನಿಗೆ ಹಕ್ಕಿಯೂ ಒಂದೇ, ಮಣ್ಣಿನ ಹೆಂಟೆಯೂ ಒಂದೇ.

“ಗುರ್ತು ಹಾಕೂಣೇನ್ರಿ ಅಕ್ಕಾರ?” ಎಂದೆ.

“ಗುರ್ತು ಯಾಕ್ರಿ? ಹೊಲದಾಗ ತತ್ತಿ ಸಿಕ್ರ ನಾವು ಸಾಲು ಎಣಿಸಿ ಇಟ್ಕೋತೀವಿ. ಅಲ್ಲಿಗೆ ಬಂದಾಗ ಕುಂಟಿ ಎತ್ತಿ ಆಚಿ ದಾಟಸ್ತೀವಿ. ನಮ್ಮತ್ತಿನೂ ಹಂಗ ಮಾಡ್ತಿದ್ರು. ನಾನ ಮುಂದ ನಿಂತಿರ್ತೀನಿ.”

ಎಣಿಸಿ ಇಟ್ಟುಕೊಳ್ಳುತ್ತಾರಂತೆ. ಒಂದು ಸಾಲು ತಪ್ಪಿದರೆ? ಮರುದಿನ ರಜೆ ಹಾಕಿ, ಶಾಲೆಯ ಕ್ರೀಡಾಕೂಟದಲ್ಲಿ ಓಟದ ಗೆರೆಗೆ ನೆಡುವ ಕೆಂಪು ಬಾವುಟದ ಕೋಲು ನಾಲ್ಕು ತಂದು ಮೊಟ್ಟೆಗಳ ನಾಲ್ಕೂ ಮೂಲೆಗೆ ನೆಟ್ಟೆ. ಅಕ್ಕ ಬದುವಿನ ಮೇಲೆ ಕೂತು ನೋಡುತ್ತಿದ್ದರು. ಬೇಡವೆನ್ನಲಿಲ್ಲ. ಸಾಲಿ ಮಾಸ್ತರರಿಗೆ ಬೇಡ ಎನ್ನುವ ರೂಢಿ ಅಲ್ಲಿಲ್ಲ.

“ಭಾಳ ಎದ್ದು ಕಾಣ್ತಾವ್ರಿ,” ಎಂದಷ್ಟೇ ಹೇಳಿದರು.

ಕಾಣಲೆಂದೇ ನೆಟ್ಟದ್ದು ಎಂದು ಅವರಿಗೆ ತಿಳಿಸಿಕೊಟ್ಟೆ.

ಮುಂದಿನ ಭಾನುವಾರ ಹೋಗುವಷ್ಟರಲ್ಲಿ ಕುಂಟೆ ಹೊಡೆದಾಗಿತ್ತು. ಹದಿನೇಳನೆಯ ಸಾಲಿನ ಆ ತುಣುಕು ಮಾತ್ರ ಕಳೆಯ ಸಮೇತ ಹಾಗೇ ಉಳಿದಿತ್ತು. ತಗ್ಗಿನಲ್ಲಿ ಸಿಪ್ಪೆಯ ಚೂರುಗಳಿದ್ದವು. ಕೋಲುಗಳನ್ನು ಅಕ್ಕ ಕಿತ್ತು, ಕಟ್ಟು ಕಟ್ಟಿ, ಬೇವಿನ ಗಿಡಕ್ಕೆ ಆನಿಸಿ ಇಟ್ಟಿದ್ದರು.

“ಕುಂಟಿ ಮುಟ್ಟಿಲ್ರಿ. ಕಾಗಿ ಬಂದು ಕೋಲಿನ ಮ್ಯಾಲೆ ಕೂತ್ವು. ಹೊಲದ ನಡಕ ಕೂಡಾಕ ಇಷ್ಟು ದಿನಾ ಅವಕ್ಕ ಏನೂ ಇದ್ದಿದ್ದಿಲ್ಲ. ನಾ ಓಡಿ ಬರೂದ್ರಾಗ ಮುಗದಿತ್ತು.”

ಕಟ್ಟನ್ನು ನನ್ನ ಕೈಗೆ ಕೊಟ್ಟು, “ನಿಮ್ಮ ಸಾಲ್ಯಾಗಿನ ಕೋಲು, ಸಾಲಿಗೆ ಒಯ್ರಿ,” ಎಂದರು. ಬಸ್ಸಿನಲ್ಲಿ ಅದನ್ನು ತೊಡೆಯ ಮೇಲಿಟ್ಟುಕೊಂಡು ರೋಣದವರೆಗೆ ಬಂದೆ. ನಾಚಿಕೆಯಾಗಿತ್ತು. ಆದರೂ ಆ ದಿನ ನೋಟ್‌ಬುಕ್ಕಿನಲ್ಲಿ, ಮೊಟ್ಟೆಗಳು ಹಾಳಾದದ್ದು ಕಾಗೆಗಳಿಂದ ಎಂದೇ ಬರೆದೆ.

ಆಮೇಲೂ ಎರಡು ಮೂರು ಮಳೆಗಾಲ ಹೋದೆ. ಗುಡ್ಡದ ಮೇಲೆ ಗಂಡು ಜಿಗಿಯುವುದು ಕಾಣುತ್ತಿತ್ತು. ಅಕ್ಕ ಬದುವಿನ ಮೇಲೆ ಕೂರಿಸಿ ಚಹಾ ಕೊಡುತ್ತಿದ್ದರು, ಮಳೆಯ ಮಾತಾಡುತ್ತಿದ್ದರು. ತತ್ತಿಯ ಮಾತು ಇಬ್ಬರೂ ಎತ್ತುತ್ತಿರಲಿಲ್ಲ. ನಂತರ ನನಗೆ ನರಗುಂದಕ್ಕೆ ವರ್ಗವಾಗಿ ಆ ಕಡೆ ಹೋಗುವುದು ನಿಂತಿತು.

ಕೆಲವು ವರ್ಷಗಳ ಮೇಲೆ ಬೇರೆ ಕೆಲಸಕ್ಕೆ ಹೋದಾಗ, ಒಂದು ಸಂಜೆ ಗಜೇಂದ್ರಗಡದ ಬಸ್‌ಸ್ಟ್ಯಾಂಡಿನಲ್ಲಿ ಅಕ್ಕ ಸಿಕ್ಕರು, ಸಂತೆ ಮುಗಿಸಿ ಹೊರಟಿದ್ದರು. ಕ್ಷೇಮಸಮಾಚಾರ ಆದ ಮೇಲೆ, ಹಕ್ಕಿಗಳು ಈಗಲೂ ಬರುತ್ತವೆಯೇ ಎಂದು ಕೇಳಿದೆ.

“ಬರ್ತಾವ್ರಿ. ನೀವು ಬರಾಕತ್ತಿದ್ದಾಗನ ಎರಡು ಸಲ ನಮ್ಮ ಹೊಲದಾಗ ಮರಿ ಆಗಿದ್ವು. ತಾಯಿ ಹಿಂದ ಸಾಲು ಹಿಡದು ಹೋಗೂದು ನಾನ ನೋಡೀನಿ.”

“ನನಗ ಹೇಳಬೇಕಿತ್ತಲ್ರಿ ಅಕ್ಕಾರ.”

ಅವರು ಚೀಲ ಕೆಳಗಿಟ್ಟರು. ಮುಖದಲ್ಲಿ ಸಿಟ್ಟೇನೂ ಇರಲಿಲ್ಲ.

“ಹೇಳಿದ್ರ ನೀವು ನೋಡಾಕ ಬರ್ತಿದ್ರಿ,” ಎಂದರು.

ಎಷ್ಟನೆಯ ಸಾಲು ಎಂಬ ಪ್ರಶ್ನೆ ನಾಲಿಗೆಯ ತುದಿಗೆ ಬಂದಿತ್ತು. ಕೇಳಲಿಲ್ಲ. ಚೀಲ ಎತ್ತಿ ರಾಜೂರ ಬಸ್ಸಿನಲ್ಲಿ ಇಟ್ಟುಕೊಟ್ಟೆ.